ಹಸ್ಕಿಗೆ ಬೇಕಾದದ್ದು ಏಸಿಯಲ್ಲ

ಪ್ರತಿ ವರ್ಷ ಮಾರ್ಚ್ ಬಂತೆಂದರೆ ಬೆಂಗಳೂರಿನ ಅಪಾರ್ಟ್‌ಮೆಂಟುಗಳಲ್ಲಿ ಒಂದು ಜಗಳ ಶುರುವಾಗುತ್ತದೆ. ವಾಟ್ಸಾಪ್ ಗುಂಪಿನಲ್ಲಿ ಯಾರೋ ತಮ್ಮ ಸೈಬೀರಿಯನ್ ಹಸ್ಕಿ ಐಸ್ ತುಂಬಿದ ಟಬ್ಬಿನಲ್ಲಿ ಕೂತ ಫೋಟೋ ಹಾಕುತ್ತಾರೆ. ಇನ್ನೊಬ್ಬರು, ‘ಹಿಮದ ನಾಯೀನ ಈ ಬಿಸಿಲಿಗೆ ತಂದು ಹಿಂಸೆ ಕೊಡ್ತೀರಲ್ಲ’ ಎನ್ನುತ್ತಾರೆ. ಅದಕ್ಕೆ ಉತ್ತರ ಸಿದ್ಧವಾಗಿಯೇ ಇರುತ್ತದೆ: ‘ನಮ್ಮನೇಲಿ ಅದಕ್ಕೆ ಅಂತಲೇ ಏಸಿ ಹಾಕಿಸಿದೀವಿ ಸಾರ್.’ ಅಲ್ಲಿಗೆ ವಾದ ಮುಗಿಯುತ್ತದೆ. ಬಯ್ಯಲು ಬಂದವರ ಇಡೀ ತಕರಾರು ಸೆಖೆಯ ಮೇಲೆ ನಿಂತಿತ್ತು. ಸೆಖೆಗೆ ಮದ್ದು ಅಂಗಡಿಯಲ್ಲಿ ಸಿಗುತ್ತದೆ, ಕಂತಿನಲ್ಲೂ ಸಿಗುತ್ತದೆ.

ಈ ಜಗಳದಲ್ಲಿ ನಾನು ಯಾವ ಪಕ್ಷಕ್ಕೂ ಸೇರುವುದಿಲ್ಲ. ಏಸಿ ಹಾಕಿಸಿದವರ ಮೇಲೆ ನನಗೆ ಸಿಟ್ಟಿರುವುದು ನಿಜ. ಆದರೆ ಹಿಮದ ನಾಯಿ ಎಂದು ಕಣ್ಣೀರು ಹಾಕುವವರ ಮೇಲೆ ಅದಕ್ಕಿಂತ ಹೆಚ್ಚಿನ ಸಿಟ್ಟಿದೆ. ಹಸ್ಕಿಯ ಕಷ್ಟವನ್ನೆಲ್ಲ ಥರ್ಮಾಮೀಟರಿಗೆ ಇಳಿಸಿ ಅದನ್ನು ಕೊಳ್ಳುವವರಿಗೆ ದಾರಿ ಸುಗಮ ಮಾಡಿಕೊಟ್ಟವರು ಇವರೇ. ಹಸ್ಕಿ ಹಿಮದ ನಾಯಿಯಲ್ಲ, ದುಡಿಮೆಯ ನಾಯಿ. ಹಿಮ ಅದು ದುಡಿದ ಜಾಗ, ಅಷ್ಟೇ. ಬೆಂಗಳೂರಿನ ಮೂರನೇ ಮಹಡಿಯಲ್ಲಿ ಅದಕ್ಕೆ ಇಲ್ಲದಿರುವುದು ಚಳಿಯಲ್ಲ, ಕೆಲಸ. ಹದಿನೆಂಟು ಡಿಗ್ರಿಯಲ್ಲಿ ಕೂಡಿಹಾಕಿದರೂ ಕೂಡಿಹಾಕಿದ್ದೇ.

ಸೆಖೆಯ ವಿಷಯವನ್ನು ಮೊದಲು ಮುಗಿಸಿಬಿಡೋಣ. ಈ ನಾಯಿಗೆ ಎರಡು ಪದರದ ಕೂದಲು. ಒಳಗೆ ಹತ್ತಿಯಂಥ ದಟ್ಟ ಪದರ, ಹೊರಗೆ ನೀಳವಾದ ಒರಟು ಪದರ. ನಾಯಿಗಳು ನಮ್ಮ ಹಾಗೆ ಮೈತುಂಬ ಬೆವರುವುದಿಲ್ಲ. ನಾಲಿಗೆ ಚಾಚಿ ಏದುಸಿರು ಬಿಟ್ಟು, ಬಾಯಿಯ ತೇವ ಆವಿಯಾಗುವುದರಿಂದಲೇ ಮೈ ತಂಪು ಮಾಡಿಕೊಳ್ಳಬೇಕು. ಗಾಳಿಯಲ್ಲೇ ತೇವ ತುಂಬಿದ್ದರೆ ಆವಿಯಾಗುವುದು ಕಷ್ಟ. ಹಾಗಾಗಿ ಮಂಗಳೂರಿನ 32 ಡಿಗ್ರಿ ಬಳ್ಳಾರಿಯ 32 ಡಿಗ್ರಿಗಿಂತ ನಾಯಿಗೆ ಕೆಟ್ಟದ್ದು. ಮೈಬಿಸಿ 41 ಡಿಗ್ರಿ ಸೆಲ್ಸಿಯಸ್ ದಾಟಿದರೆ ಪ್ರಾಣಕ್ಕೇ ಅಪಾಯ. ಇದೆಲ್ಲ ಸತ್ಯ, ಇದನ್ನು ಕಡೆಗಣಿಸುವವರು ನಾಯಿ ಸಾಕಲು ಲಾಯಕ್ಕಲ್ಲ. ಆದರೆ ಸ್ಲೆಡ್ ನಾಯಿಗಳ ನಾಡೆಂದೇ ಹೆಸರಾದ ಅಲಾಸ್ಕಾದ ಫೇರ್‌ಬ್ಯಾಂಕ್ಸ್ ಊರಿನಲ್ಲೂ ಜೂನ್, ಜುಲೈಗಳಲ್ಲಿ ಬಿಸಿ 30 ಡಿಗ್ರಿ ಮುಟ್ಟುವ ದಿನಗಳಿವೆ. ಅಲ್ಲಿಯವರು ಆ ದಿನಗಳಲ್ಲಿ ನಾಯಿಗಳನ್ನು ದುಡಿಸದೆ ನೆರಳಿನಲ್ಲಿ ಬಿಡುತ್ತಾರೆ, ತಂಪು ಬಿದ್ದ ಮೇಲೆ ಓಟಕ್ಕೆ ಕಟ್ಟುತ್ತಾರೆ. ಬಿಸಿಲು ಅಲ್ಲಿ ಬಿಡುವಿನ ಕಾಲ. ನಮ್ಮಲ್ಲಿ ವರ್ಷವಿಡೀ ಬಿಡುವು, ಕೆಲಸದ ಕಾಲ ಎಂಬುದೇ ಬರುವುದಿಲ್ಲ.

ಹಾಗಾದರೆ ಆ ಕೆಲಸ ಯಾವುದು, ಯಾರದ್ದು?

ರಷ್ಯಾದ ಈಶಾನ್ಯದ ತುದಿ, ಬೇರಿಂಗ್ ಜಲಸಂಧಿಯ ಈಚೆ ದಡ ಚುಕೋಟ್ಕಾ. ಅಲ್ಲಿನ ಚುಕ್ಚಿ ಜನರಲ್ಲಿ ಒಳನಾಡಿನಲ್ಲಿ ಹಿಮಸಾರಂಗಗಳ ಮಂದೆ ಕಾಯುವವರು ಒಂದು ಕಡೆ, ಕಡಲ ದಡದಲ್ಲಿ ಸೀಲು, ವಾಲ್ರಸ್ ಬೇಟೆಯಾಡಿ ಬದುಕುವವರು ಇನ್ನೊಂದು ಕಡೆ. ಸಾರಂಗದವರಿಗೆ ಬಂಡಿ ಎಳೆಯಲು ಸಾರಂಗವೇ ಇತ್ತು. ಕಡಲಿನವರಿಗೆ ನಾಯಿಯೇ ಗತಿ. ಹೆಪ್ಪುಗಟ್ಟಿದ ಕಡಲ ಮೇಲೆ ದೂರ ದೂರ ಹೋಗಿ, ಬೇಟೆ ಸಿಕ್ಕರೆ ಮಾಂಸ ಹೇರಿಕೊಂಡು ತಿರುಗಿ ಬರಬೇಕು. ಅದಕ್ಕೆ ದೈತ್ಯ ನಾಯಿ ಪ್ರಯೋಜನವಿಲ್ಲ, ಅದಕ್ಕೇ ಅರ್ಧ ಮಾಂಸ ಹಾಕಬೇಕಾಗುತ್ತದೆ. ಕಡಿಮೆ ತಿಂದು, ಹಗುರವಾದ ಹೊರೆಯನ್ನು ಹದವಾದ ವೇಗದಲ್ಲಿ ದಣಿವಿಲ್ಲದೆ ಎಳೆಯುವ, ಗುಂಪಿನಲ್ಲಿ ಕಚ್ಚಾಡದ, ಮನೆಯ ಮಕ್ಕಳ ಜೊತೆ ಮಲಗುವ ಮಧ್ಯಮ ಗಾತ್ರದ ನಾಯಿ ಬೇಕು. ತಲೆಮಾರುಗಟ್ಟಲೆ ಅಂಥವನ್ನೇ ಆರಿಸಿ ಆರಿಸಿ ಉಳಿಸಿಕೊಂಡರು. ಇವತ್ತು ನಾವು ‘ತಳಿಯ ಗುಣ’ ಎಂದು ಕರಪತ್ರದಲ್ಲಿ ಓದುವ ಒಂದೊಂದು ಸಾಲೂ ಆ ಜನರ ಹಸಿವಿನ ಲೆಕ್ಕಾಚಾರ.

ಈ ಕಸುಬು ಎಷ್ಟು ಹಳೆಯದೆಂದರೆ, ಸೈಬೀರಿಯಾದ ಉತ್ತರಕ್ಕಿರುವ ಝೋಖೋವ್ ದ್ವೀಪದಲ್ಲಿ ಸುಮಾರು 9,500 ವರ್ಷ ಹಿಂದಿನ ನಾಯಿಯ ಎಲುಬು ಸಿಕ್ಕಿದೆ, ಸ್ಲೆಡ್ಡಿನ ಅವಶೇಷಗಳೂ ಸಿಕ್ಕಿವೆ. 2020ರಲ್ಲಿ ‘ಸೈನ್ಸ್’ ಪತ್ರಿಕೆಯಲ್ಲಿ ಪ್ರಕಟವಾದ ಅಧ್ಯಯನ ಆ ನಾಯಿಯ ವಂಶವಾಹಿಯನ್ನು ಓದಿ, ಇಂದಿನ ಗ್ರೀನ್‌ಲ್ಯಾಂಡ್ ನಾಯಿ, ಮಲಮ್ಯೂಟ್, ಹಸ್ಕಿಗಳು ಅದರ ನಂಟರೆಂದು ತೋರಿಸಿತು. ಎಂದರೆ ಗದ್ದೆ ಉಳಲು ಎತ್ತನ್ನು ಹೂಡುವ ಎಷ್ಟೋ ಮೊದಲೇ ಮನುಷ್ಯ ನಾಯಿಯನ್ನು ಹೂಡಿದ್ದ. ನಮ್ಮ ಹಳ್ಳಿಗಳಲ್ಲಿ ಒಳ್ಳೆಯ ಜೋಡಿ ಎತ್ತನ್ನು ಜನ ನೋಡುವ ರೀತಿ ಕಂಡವರಿಗೆ ಇದರ ಅರ್ಥ ಬೇಗ ಆಗುತ್ತದೆ. ಹಳ್ಳಿಕಾರ್ ಎತ್ತಿನ ಕಣ್ಣು ಚೆಂದವಾಗಿದೆಯೆಂದು ಅದನ್ನು ಹಾಲ್‌ನಲ್ಲಿ ಸೋಫಾ ಪಕ್ಕ ಕಟ್ಟಿದರೆ ನಾವು ನಗುತ್ತೇವೆ. ಹಸ್ಕಿಯ ವಿಷಯದಲ್ಲಿ ನಗು ಬರುವುದಿಲ್ಲ, ಏಕೆಂದರೆ ಅದರ ದುಡಿಮೆಯನ್ನು ನಾವು ಯಾರೂ ಕಂಡಿಲ್ಲ.

ಕಾಣದಂತೆ ಮಾಡಿದ್ದಕ್ಕೂ ಒಂದು ಇತಿಹಾಸವಿದೆ. 1908ರಲ್ಲಿ ವಿಲಿಯಂ ಗೂಸಾಕ್ ಎಂಬ ರಷ್ಯನ್ ತುಪ್ಪಳದ ವ್ಯಾಪಾರಿ ಈ ನಾಯಿಗಳ ಒಂದು ತಂಡವನ್ನು ಜಲಸಂಧಿ ದಾಟಿಸಿ ಅಲಾಸ್ಕಾದ ನೋಮ್ ಪಟ್ಟಣಕ್ಕೆ ತಂದ. ಅದು ಚಿನ್ನದ ಗಣಿಯ ಊರು. ಅಲ್ಲಿ ನಾಯಿ ಎಂದರೆ ದೊಡ್ಡ ಮೈಯ ಭಾರದ ನಾಯಿ. ಈ ಪುಟ್ಟ ನಾಯಿಗಳನ್ನು ಕಂಡು ‘ಸೈಬೀರಿಯಾದ ಇಲಿಗಳು’ ಎಂದು ಆಡಿಕೊಂಡರು. ಮರುವರ್ಷ ನೋಮ್‌ನಿಂದ ಕ್ಯಾಂಡಲ್‌ಗೆ ಹೋಗಿ ಬರುವ 408 ಮೈಲಿಯ ಪಂದ್ಯದಲ್ಲಿ ಆ ಇಲಿಗಳು ಮೂರನೆಯ ಸ್ಥಾನಕ್ಕೆ ಬಂದವು. 1910ರಲ್ಲಿ ಜಾನ್ ಜಾನ್ಸನ್ ಎಂಬಾತ ಇದೇ ಸೈಬೀರಿಯಾದ ನಾಯಿಗಳನ್ನು ಓಡಿಸಿ ಅಷ್ಟು ದಾರಿಯನ್ನು 74 ಗಂಟೆ ಚಿಲ್ಲರೆಯಲ್ಲಿ ಮುಗಿಸಿ ಗೆದ್ದ. ಆಮೇಲೆ ಯಾರೂ ಇಲಿ ಎನ್ನಲಿಲ್ಲ. ನಾರ್ವೆಯಿಂದ ಗಣಿ ಕೆಲಸಕ್ಕೆ ಬಂದಿದ್ದ ಲಿಯೊನಾರ್ಡ್ ಸೆಪ್ಪಲಾ 1915, 1916, 1917 ಮೂರೂ ವರ್ಷ ಗೆದ್ದ. ಪಂದ್ಯದ ದಾಖಲೆಯಲ್ಲಿ ಅವರೆಲ್ಲರ ಹೆಸರಿದೆ. ಆ ನಾಯಿಗಳನ್ನು ಸಾಕಿ ಬೆಳೆಸಿದ ಚುಕ್ಚಿ ಹೆಂಗಸು ಗಂಡಸರ ಒಂದು ಹೆಸರೂ ನಮ್ಮವರೆಗೆ ಬಂದಿಲ್ಲ.

ಸೆಪ್ಪಲಾನ ಬಳಿ ಟೋಗೋ ಎಂಬ ನಾಯಿ ಇತ್ತು. ಚಿಕ್ಕದಿದ್ದಾಗ ರೋಗಿಷ್ಟ, ಮೇಲಾಗಿ ತುಂಟ. ಕೆಲಸಕ್ಕೆ ಬಾರದ್ದೆಂದು ಸೆಪ್ಪಲಾ ಅದನ್ನು ಯಾರದೋ ಮನೆಗೆ ಮುದ್ದಿನ ನಾಯಿಯಾಗಿ ಕೊಟ್ಟುಬಿಟ್ಟ. ಅಲ್ಲಿ ಒಳ್ಳೆಯ ಊಟ, ಬೆಚ್ಚನೆಯ ಜಾಗ. ಕೆಲವೇ ವಾರಗಳಲ್ಲಿ ಟೋಗೋ ಮುಚ್ಚಿದ ಕಿಟಕಿಯ ಗಾಜನ್ನು ಒಡೆದು ಹಾರಿ, ಮೈಲಿಗಟ್ಟಲೆ ಓಡಿ, ಸೆಪ್ಪಲಾನ ನಾಯಿಮನೆಗೆ ವಾಪಸ್ಸು ಬಂತು. ಎಂಟು ತಿಂಗಳ ಮರಿಯನ್ನು ಕೊನೆಗೆ ಬೇರೆ ದಾರಿ ಕಾಣದೆ ಬಂಡಿಗೆ ಕಟ್ಟಿದಾಗ, ಮೊದಲ ದಿನವೇ ಅದು 75 ಮೈಲಿ ಓಡಿತೆಂದು ಸೆಪ್ಪಲಾ ಹೇಳಿಕೊಂಡಿದ್ದಾನೆ. ಹಸ್ಕಿ ಸಾಕುವುದರ ಬಗ್ಗೆ ನೂರು ವಿಡಿಯೋ ನೋಡುವವರು ಈ ಒಂದು ಸಂಗತಿಯನ್ನು ಗಮನಿಸಿದರೆ ಸಾಕಿತ್ತು. ಗಾಜು ಒಡೆದ ಆ ಮನೆ ಅಲಾಸ್ಕಾದಲ್ಲೇ ಇತ್ತು. ಹೊರಗೆ ಬೇಕಾದಷ್ಟು ಹಿಮವಿತ್ತು.

1925ರ ಜನವರಿಯಲ್ಲಿ ನೋಮ್‌ನಲ್ಲಿ ಮಕ್ಕಳಿಗೆ ಡಿಫ್ತೀರಿಯಾ ಬಂತು. ಕಡಲು ಹೆಪ್ಪುಗಟ್ಟಿತ್ತು, ಹಡಗು ಬರುವಂತಿರಲಿಲ್ಲ. ಆ್ಯಂಕರೇಜಿನಿಂದ ರೈಲಿನಲ್ಲಿ ನೆನಾನಾದವರೆಗೆ ಬಂದ ಔಷಧಿಯನ್ನು ಅಲ್ಲಿಂದ 674 ಮೈಲಿ, ಇಪ್ಪತ್ತು ಜನ ಒಬ್ಬರಿಂದೊಬ್ಬರಿಗೆ ದಾಟಿಸುತ್ತ, ಸುಮಾರು 150 ನಾಯಿಗಳಿಂದ ಎಳೆಸಿ, ಐದೂವರೆ ದಿನದಲ್ಲಿ ಮುಟ್ಟಿಸಿದರು. ಅದರಲ್ಲಿ ಅತಿ ಉದ್ದದ, ಅತಿ ಅಪಾಯದ ಹಾದಿ ಸೆಪ್ಪಲಾನದ್ದು. ಔಷಧಿಯನ್ನು ಎದುರುಗೊಳ್ಳಲು ಹೋದದ್ದೂ ಸೇರಿಸಿದರೆ ಸುಮಾರು 260 ಮೈಲಿ. ನಾರ್ಟನ್ ಕೊಲ್ಲಿಯ ಬಿರುಕುಬಿಡುವ ಮಂಜುಗಡ್ಡೆಯ ಮೇಲೆ, ಬಿರುಗಾಳಿಯಲ್ಲಿ. ಮುಂದಾಳು ನಾಯಿ ಟೋಗೋ, ಆಗ ಅದಕ್ಕೆ ಹನ್ನೆರಡು ವರ್ಷ. ಕೊನೆಯ ಐವತ್ತು ಚಿಲ್ಲರೆ ಮೈಲಿ ಓಡಿಸಿ ಊರಿಗೆ ತಂದವನು ಗುನ್ನರ್ ಕಾಸೆನ್. ಅವನ ಮುಂದಾಳು ಬಾಲ್ಟೋ. ಪತ್ರಿಕೆಗಳಿಗೆ ಕಂಡದ್ದು ಊರೊಳಗೆ ಬಂದ ನಾಯಿ. ಅದೇ ವರ್ಷ ಡಿಸೆಂಬರಿನಲ್ಲಿ ನ್ಯೂಯಾರ್ಕಿನ ಸೆಂಟ್ರಲ್ ಪಾರ್ಕಿನಲ್ಲಿ ಬಾಲ್ಟೋನ ಕಂಚಿನ ಪ್ರತಿಮೆ ನಿಂತಿತು. ದಾರಿಯ ಮಧ್ಯದ ಎಷ್ಟೋ ಹಂತಗಳನ್ನು ಓಡಿಸಿದ ಅಲಾಸ್ಕಾದ ಮೂಲನಿವಾಸಿಗಳನ್ನು ಕೇಳುವವರಿರಲಿಲ್ಲ.

ಬಾಲ್ಟೋಗಾದರೂ ಆ ಕೀರ್ತಿಯಿಂದ ಏನು ಸಿಕ್ಕಿತು? ಪ್ರತಿಮೆ ನಿಂತ ಒಂದೆರಡು ವರ್ಷದಲ್ಲಿ ಆ ನಾಯಿ ಮತ್ತು ಅದರ ಜೊತೆಗಾರರು ಕೈಯಿಂದ ಕೈಗೆ ಮಾರಾಟವಾಗಿ ಲಾಸ್ ಏಂಜಲಿಸ್‌ನ ಒಂದು ಅಗ್ಗದ ಪ್ರದರ್ಶನ ಶಾಲೆಯಲ್ಲಿ ಸರಪಳಿಗೆ ಬಿದ್ದಿದ್ದವು. ಹತ್ತು ಸೆಂಟ್ ಕೊಟ್ಟರೆ ವೀರ ನಾಯಿಯನ್ನು ನೋಡಬಹುದಿತ್ತು. 1927ರಲ್ಲಿ ಜಾರ್ಜ್ ಕಿಂಬಲ್ ಎಂಬ ವ್ಯಾಪಾರಿ ಅದನ್ನು ಕಂಡು ಮರುಗಿ ಹೇಳಿಹೋದ ಮೇಲೆ, ಕ್ಲೀವ್‌ಲ್ಯಾಂಡಿನ ಜನ, ಶಾಲೆಯ ಮಕ್ಕಳೂ ಸೇರಿ, ಎರಡು ಸಾವಿರ ಡಾಲರ್ ಕೂಡಿಸಿ ಬಿಡಿಸಿ ತಂದರು. ಪ್ರತಿಮೆಯನ್ನು ಪೂಜಿಸುತ್ತಲೇ ನಾಯಿಯನ್ನು ಮರೆಯಬಹುದೆಂಬುದು ಹಸ್ಕಿಯ ಕತೆಯಲ್ಲಿ ಹೊಸ ಸಂಗತಿಯೇನಲ್ಲ. 1995ರ ಕಾರ್ಟೂನ್ ಸಿನಿಮಾ ಬಾಲ್ಟೋನನ್ನು ಅರ್ಧ ತೋಳ ಮಾಡಿತು. ಅದು ತೋಳದ ಸಂತಾನವಾಗಿರಲಿಲ್ಲ. ಆದರೆ ತೋಳ ಎಂದರೆ ಟಿಕೆಟ್ ಹೋಗುತ್ತದೆ, ಕಸುಬಿನ ನಾಯಿ ಎಂದರೆ ಹೋಗುವುದಿಲ್ಲ.

ಹೆಸರಿನ ವಿಷಯವೂ ಹೀಗೇ. ‘ಹಸ್ಕಿ’ ಎಂಬುದು ‘ಎಸ್ಕಿಮೋ’ ಎಂಬ ಪದ ಬಿಳಿಯ ನಾವಿಕರ, ವ್ಯಾಪಾರಿಗಳ ಬಾಯಲ್ಲಿ ಜಜ್ಜಿಹೋಗಿ ಆದದ್ದು. ಮೊದಲು ಜನರನ್ನು ಹಾಗೆ ಕರೆದರು, ಆಮೇಲೆ ಅವರ ನಾಯಿಗಳನ್ನು. ಆ ಜನ ಇಂದು ಎಸ್ಕಿಮೋ ಎನಿಸಿಕೊಳ್ಳಲು ಒಪ್ಪುವುದಿಲ್ಲ. 1930ರಲ್ಲಿ ಅಮೆರಿಕನ್ ಕೆನಲ್ ಕ್ಲಬ್ ‘ಸೈಬೀರಿಯನ್ ಹಸ್ಕಿ’ ಎಂದು ತಳಿಯನ್ನು ದಾಖಲಿಸಿತು. ಒಂದು ಪದ ಭೂಪಟದ್ದು, ಇನ್ನೊಂದು ಬೇರೆ ಯಾರನ್ನೋ ಕರೆದ ಅಡ್ಡಹೆಸರು. ಚುಕ್ಚಿ ಎಲ್ಲಿಯೂ ಇಲ್ಲ. ಆ ಹೊತ್ತಿಗೆ ಸೋವಿಯತ್ ನೆಲದಿಂದ ನಾಯಿ ತರಿಸುವುದೂ ನಿಂತಿತ್ತು. ಅಮೆರಿಕದಲ್ಲಿ ಉಳಿದ ಕೆಲವೇ ನಾಯಿಗಳಿಂದ ತಳಿ ಬೆಳೆಯಿತು, ಪ್ರದರ್ಶನದ ಕಣಕ್ಕೆ ಇಳಿಯಿತು, ಮುಖ ನೋಡಿ ಬಹುಮಾನ ಕೊಡುವ ಕಾಲ ಬಂತು.

ಓಟವನ್ನೇ ನಂಬಿದವರು ಏನು ಮಾಡಿದರು ಗೊತ್ತೇ? ಅವರು ದಾಖಲೆ ಪುಸ್ತಕವನ್ನು ಬದಿಗಿಟ್ಟು ಬೆರಕೆ ನಾಯಿಗಳನ್ನು ಕಟ್ಟಿದರು. 1973ರಿಂದ ಅಲಾಸ್ಕಾದಲ್ಲಿ ನಡೆಯುವ ಇಡಿಟರೋಡ್ ಎಂಬ ಸುಮಾರು ಸಾವಿರ ಮೈಲಿಯ ಪಂದ್ಯದಲ್ಲಿ ಇಂದು ಮುಂದಿರುವುದು ‘ಅಲಾಸ್ಕನ್ ಹಸ್ಕಿ’ಗಳು. ಅವು ಯಾವ ಕ್ಲಬ್ಬಿನ ತಳಿಯೂ ಅಲ್ಲ. ಒಂದರ ಕಿವಿ ನಿಂತಿದ್ದರೆ ಇನ್ನೊಂದರದು ಜೋತಿರುತ್ತದೆ, ಬಣ್ಣಕ್ಕೆ ನಿಯಮವಿಲ್ಲ. ಓಟದ ದಿನಗಳಲ್ಲಿ ಒಂದೊಂದು ನಾಯಿ ದಿನಕ್ಕೆ ಹತ್ತು ಸಾವಿರ ಕಿಲೋಕ್ಯಾಲೊರಿಯಷ್ಟು ಉರಿಸುತ್ತದೆ, ಮನುಷ್ಯರ ಊಟದ ನಾಲ್ಕೈದು ಪಾಲು. ಕೆಲಸ ಬೇಕಾದವರು ಮುಖ ಕೇಳಲಿಲ್ಲ, ಮುಖ ಬೇಕಾದವರು ಕೆಲಸ ಕೇಳಲಿಲ್ಲ. 2023ರಲ್ಲಿ, ವಸ್ತುಸಂಗ್ರಹಾಲಯದಲ್ಲಿರುವ ಬಾಲ್ಟೋನ ಚರ್ಮದ ಚೂರಿನಿಂದ ವಂಶವಾಹಿಯನ್ನು ಓದಿದಾಗ, ಅದು ಇಂದಿನ ಶುದ್ಧ ತಳಿಯ ನಾಯಿಗಳಿಗಿಂತ ವೈವಿಧ್ಯದ, ರೋಗಕಾರಕ ದೋಷಗಳು ಕಡಿಮೆ ಇದ್ದ ನಾಯಿಯೆಂದು ತಿಳಿಯಿತು. ‘ಪ್ಯೂರ್ ಬ್ರೀಡ್’ ಎಂದು ಹೆಚ್ಚಿಗೆ ಹಣ ಕೊಡುವವರು ಇದನ್ನು ಎರಡು ಸಲ ಓದಿಕೊಳ್ಳಬೇಕು.

ಇನ್ನೂ ಕಹಿಯಾದದ್ದೊಂದಿದೆ. ಹಸ್ಕಿ ತಳಿಯದ್ದಲ್ಲ, ಅದರ ದಾಯಾದಿಗಳದ್ದು. ಕೆನಡಾದ ಉತ್ತರದಲ್ಲಿ ಇನುಯಿಟ್ ಜನರನ್ನು ಒಂದೆಡೆ ನೆಲೆಗೊಳಿಸುವ ಕಾಲದಲ್ಲಿ, 1950, 60ರ ದಶಕಗಳಲ್ಲಿ, ಪೊಲೀಸರು ಮತ್ತು ಅಧಿಕಾರಿಗಳು ಅವರ ಸ್ಲೆಡ್ ನಾಯಿಗಳನ್ನು ಗುಂಡಿಟ್ಟು ಕೊಂದರು. ನಾಯಿ ಹೋದರೆ ಬೇಟೆ ಹೋಯಿತು, ಬೇಟೆ ಹೋದರೆ ಊಟಕ್ಕೆ ಸರ್ಕಾರದ ಅಂಗಡಿಯ ಮುಂದೆ ನಿಲ್ಲಬೇಕು. 2024ರ ನವೆಂಬರಿನಲ್ಲಿ ಕೆನಡಾ ಸರ್ಕಾರ ನೂನವಿಕ್ ಪ್ರದೇಶದ ಇನುಯಿಟ್ ಜನರ ಕ್ಷಮೆ ಕೇಳಿತು. ಉತ್ತರದ ನಾಯಿ ಕೆಲಸ ಮಾಡಿದ ಜಾಗದಲ್ಲಿ ಅದಕ್ಕೆ ಗುಂಡು, ಕೆಲಸವೇ ಇಲ್ಲದ ಜಾಗದಲ್ಲಿ ಅದಕ್ಕೆ ಹುಟ್ಟುಹಬ್ಬದ ಕೇಕು. ಎರಡರಲ್ಲೂ ಆ ನಾಯಿಯ ಜನರನ್ನು ಕೇಳಿದವರಿಲ್ಲ.

ಈಗ ನಮ್ಮ ಮೂರನೇ ಮಹಡಿಗೆ ಬರೋಣ. ಹಸ್ಕಿ ಸಾಕಿದವರ ದೂರುಗಳನ್ನು ನಾನು ಬಹಳ ಕೇಳಿದ್ದೇನೆ. ಕರೆದರೆ ಬರುವುದಿಲ್ಲ. ಹಗ್ಗ ಹಿಡಿದರೆ ಕೈ ಕಿತ್ತುಬರುವ ಹಾಗೆ ಎಳೆಯುತ್ತದೆ. ಬಾಗಿಲು ತೆರೆದರೆ ಮಾಯ. ಬಾಲ್ಕನಿಯ ಕುಂಡಗಳನ್ನೆಲ್ಲ ಅಗೆದುಹಾಕಿದೆ. ಒಂಟಿಯಾಗಿ ಬಿಟ್ಟರೆ ಬೊಗಳುವುದಿಲ್ಲ, ಊಳಿಡುತ್ತದೆ. ಮೇಲಿನ ಮನೆಯ ಅಜ್ಜಿಗೆ ಅಪಶಕುನದ ಭಯ. ಬೆಕ್ಕು ಕಂಡರೆ ಬಿಡುವುದಿಲ್ಲ. ಕಳ್ಳ ಬಂದರೆ ಬಾಲ ಅಲ್ಲಾಡಿಸುತ್ತದೆ. ನಮ್ಮ ಬೀದಿಯಲ್ಲಿ ಸಂಬಳಕ್ಕೆ ನಾಯಿ ತಿರುಗಾಡಿಸುವ ಹುಡುಗನೊಬ್ಬ ಹೇಳಿದ: ‘ಅಕ್ಕಾ, ಬೇರೆ ನಾಯಿಗಳನ್ನ ನಾನು ವಾಕಿಂಗ್ ಕರ್ಕೊಂಡು ಹೋಗ್ತೀನಿ. ಇದು ನನ್ನನ್ನ ಕರ್ಕೊಂಡು ಹೋಗ್ತದೆ.’ ಇಡೀ ತಳಿಯ ಸ್ವಭಾವವನ್ನು ಇಷ್ಟು ಚೊಕ್ಕವಾಗಿ ಹೇಳಿದ ಬೇರೆಯವರನ್ನು ನಾನು ಕಂಡಿಲ್ಲ.

ಈ ದೂರುಗಳ ಪಟ್ಟಿ ಚುಕ್ಚಿ ಬೇಟೆಗಾರನ ಕೈಗೆ ಸಿಕ್ಕಿದ್ದರೆ ಅವನು ಅದನ್ನು ಯೋಗ್ಯತಾಪತ್ರ ಎಂದುಕೊಳ್ಳುತ್ತಿದ್ದ. ಎಳೆಯಬೇಕು, ಅದಕ್ಕೇ ಇರುವುದು. ದೂರದ ಕಡೆ ಮುಖ ಮಾಡಿ ಓಡಬೇಕು. ಹಿಮದಲ್ಲಿ ಗುಂಡಿ ತೋಡಿ, ಬಾಲದಿಂದ ಮೂಗು ಮುಚ್ಚಿಕೊಂಡು ಮಲಗಬೇಕು. ಗುಂಪಿನ ಜೊತೆ ದನಿಗೂಡಿಸಬೇಕು. ಅಪರಿಚಿತರನ್ನು ಕಚ್ಚಬಾರದು. ಇನ್ನು ಮಾತು ಕೇಳದಿರುವುದು. ಮುಂದಾಳು ನಾಯಿಗೆ ಬಂಡಿಕಾರ ಕಾಣದ್ದು ಕಾಣುತ್ತದೆ, ಕಾಲಡಿಯ ಮಂಜುಗಡ್ಡೆ ತೆಳುವಾಗಿದ್ದರೆ ಮೊದಲು ಗೊತ್ತಾಗುವುದು ಅದಕ್ಕೆ. ಯಜಮಾನ ‘ನಡಿ’ ಎಂದಾಗ ನಡೆಯದೆ ನಿಲ್ಲುವ ನಾಯಿ ಎಲ್ಲರ ಜೀವ ಉಳಿಸುತ್ತದೆ, ಹೇಳಿದ್ದೆಲ್ಲ ಕೇಳುವ ನಾಯಿ ಎಲ್ಲರನ್ನೂ ಮುಳುಗಿಸುತ್ತದೆ. ಅಂಥ ವಿವೇಕವನ್ನು ಸಾವಿರಾರು ವರ್ಷ ಆರಿಸಿ ಬೆಳೆಸಿದ್ದನ್ನು ನಾವು ‘ಸ್ಟಬರ್ನ್’ ಎನ್ನುತ್ತೇವೆ, ಟ್ರೇನರ್ ಕರೆಸಿ ಶೇಕ್‌ಹ್ಯಾಂಡ್ ಕಲಿಸುತ್ತೇವೆ. ನಾಯಿಗಳ ಬುದ್ಧಿಯನ್ನು ವಿಧೇಯತೆಯಿಂದ ಅಳೆಯುವ ಪಟ್ಟಿಗಳಲ್ಲಿ ಹಸ್ಕಿ ಮಧ್ಯದಲ್ಲೆಲ್ಲೋ ಬರುತ್ತದೆ. ತಪ್ಪು ಹಸ್ಕಿಯದ್ದಲ್ಲ, ಅಳತೆಗೋಲಿನದ್ದು.

ಮಾರುವವರಿಗೆ ಇದೆಲ್ಲ ಗೊತ್ತಿಲ್ಲವೆಂದಲ್ಲ. ಅವರು ಮಾರುವುದು ಕಣ್ಣನ್ನು. ‘ಬ್ಲೂ ಐಸ್ ಬೇಕಂದ್ರೆ ರೇಟ್ ಬೇರೆ ಮೇಡಂ.’ ತಳಿಯ ಮಾನದಂಡದಲ್ಲಿ ಕಂದು ಕಣ್ಣಿಗೂ ನೀಲಿ ಕಣ್ಣಿಗೂ ಒಂದೇ ಬೆಲೆ. ಒಂದು ಕಣ್ಣು ನೀಲಿ, ಒಂದು ಕಂದು ಇದ್ದರೂ ಸರಿ. 2018ರ ಒಂದು ಅಧ್ಯಯನ ಹಸ್ಕಿಯ ನೀಲಿ ಕಣ್ಣಿಗೆ ಹದಿನೆಂಟನೆಯ ಕ್ರೋಮೋಸೋಮಿನ ಒಂದು ತುಣುಕು ಎರಡೆರಡು ಸಲ ಬಂದಿರುವುದನ್ನು ಹೊಂದಿಸಿ ಹೇಳಿತು. ಬಂಡಿ ಎಳೆಯುವುದಕ್ಕೂ ಅದಕ್ಕೂ ಸಂಬಂಧವಿಲ್ಲ. ಆದರೆ ಈ ತಳಿಗೆ ಕಣ್ಣಿನ ರೋಗಗಳು ವಂಶದಲ್ಲೇ ಬರುತ್ತವೆ: ಎಳೆಯ ವಯಸ್ಸಿನ ಪೊರೆ, ಕಾರ್ನಿಯಾದ ಮಬ್ಬು, ಗ್ಲೂಕೋಮಾ. ಕಣ್ಣಿನ ಬಣ್ಣ ಕೇಳುವ ಗಿರಾಕಿ ಮರಿಯ ಅಪ್ಪ ಅಮ್ಮನ ಕಣ್ಣಿನ ತಪಾಸಣೆಯ ಚೀಟಿ ಕೇಳುವುದಿಲ್ಲ.

ಕಾನೂನು ಇಲ್ಲವೇ ಎಂದರೆ ಇದೆ. 2016ರಲ್ಲಿ ಕೇಂದ್ರ ಸರ್ಕಾರ ಮಾರಾಟಕ್ಕಾಗಿ ವಿದೇಶಿ ನಾಯಿಗಳನ್ನು ತರಿಸುವುದಕ್ಕೆ ತಡೆ ಹಾಕಿತು. 2017ರ ನಿಯಮಗಳ ಪ್ರಕಾರ ಮರಿ ಹಾಕಿಸಿ ಮಾರುವವರು ರಾಜ್ಯದ ಪ್ರಾಣಿ ಕಲ್ಯಾಣ ಮಂಡಳಿಯಲ್ಲಿ ನೋಂದಣಿ ಮಾಡಿಸಬೇಕು, ಎಂಟು ವಾರ ತುಂಬದ ಮರಿಯನ್ನು ಮಾರಬಾರದು. ಫೋನಿನಲ್ಲಿ ಜಾಹೀರಾತು ನೋಡಿ ಮರಿ ಕೊಳ್ಳುವಾಗ ನೋಂದಣಿ ಸಂಖ್ಯೆ ಕೇಳಿದವರೊಬ್ಬರನ್ನೂ ನಾನು ಭೇಟಿಯಾಗಿಲ್ಲ. ಹೊರಗಿನಿಂದ ಹೊಸ ರಕ್ತ ಬರದಿದ್ದಾಗ ಇರುವುದರಲ್ಲೇ ತಿರುತಿರುಗಿ ಮರಿ ಹಾಕಿಸಿದರೆ ಏನಾಗುತ್ತದೆಂದು ಸೋದರಿಕೆಯ ಮದುವೆಗಳ ನಾಡಿನವರಿಗೆ ವಿವರಿಸಬೇಕಾಗಿಲ್ಲ.

ಇದು ನಮ್ಮ ಊರಿನ ಹುಚ್ಚು ಮಾತ್ರವಲ್ಲ ಎನ್ನುವುದೂ ನಿಜ. ‘ಗೇಮ್ ಆಫ್ ಥ್ರೋನ್ಸ್’ ಧಾರಾವಾಹಿಯ ತೋಳಗಳನ್ನು ನೋಡಿ ಜನ ಹಸ್ಕಿ ಕೊಂಡು, ಬೇಸರವಾದಾಗ ಬೀದಿಗೆ ಬಿಡಲು ಶುರುಮಾಡಿದಾಗ, ಅದರ ನಟ ಪೀಟರ್ ಡಿಂಕ್ಲೇಜ್ 2017ರಲ್ಲಿ, ದಯವಿಟ್ಟು ಕೊಳ್ಳಬೇಡಿ ಎಂದು ಬಹಿರಂಗವಾಗಿ ಕೇಳಿಕೊಳ್ಳಬೇಕಾಯಿತು. ತಮಾಷೆಯೆಂದರೆ ಆ ಧಾರಾವಾಹಿಯ ತೋಳಗಳ ಪಾತ್ರ ಮಾಡಿದ್ದು ಹಸ್ಕಿಯೇ ಅಲ್ಲ.

ಇಲ್ಲಿ ಒಂದು ದೇಶಾಭಿಮಾನದ ಉತ್ತರ ತಟ್ಟನೆ ಬರುತ್ತದೆ. ಹಸ್ಕಿ ಬಿಡಿ, ನಮ್ಮ ಮುಧೋಳ ನಾಯಿ ಸಾಕಿ. ಇದನ್ನು ಹೇಳುವವರಿಗೆ ಚಪ್ಪಾಳೆ ಬೀಳುತ್ತದೆ, ನಾನು ಮಾತ್ರ ತಟ್ಟಲಾರೆ. ಮುಧೋಳ ನಾಯಿ ಬಯಲಿನಲ್ಲಿ ಮೊಲವನ್ನು ಕಣ್ಣಿನಲ್ಲೇ ಹಿಡಿದು ಬೆನ್ನಟ್ಟುವ ಬೇಟೆನಾಯಿ. ಬಾಗಲಕೋಟೆಯ ಬಯಲಿನಿಂದ ತಂದು ಅದನ್ನು ಎರಡು ಬೆಡ್‌ರೂಮಿನ ಮನೆಯಲ್ಲಿ ಕಟ್ಟಿದರೆ, ಹಸ್ಕಿಗೆ ಮಾಡಿದ್ದನ್ನೇ ಸ್ವದೇಶಿಯಾಗಿ ಮಾಡಿದಂತಾಯಿತು. ಸೆಖೆಯ ವಾದ ಎಷ್ಟು ಪೊಳ್ಳೆಂದು ಇಲ್ಲಿಯೇ ತಿಳಿಯುತ್ತದೆ. ಮುಧೋಳಕ್ಕೆ ಸೆಖೆಯ ತೊಂದರೆಯಿಲ್ಲ, ಆದರೂ ಅದು ಗೇಟಿನ ಹಿಂದೆ ಒಣಗಿಹೋಗುತ್ತದೆ.

ಸಾಹಿತ್ಯ ಓದುವವರಿಗೆ ಇದನ್ನು ಬೇರೆ ರೀತಿಯಲ್ಲೂ ಹೇಳಬಹುದು. ‘ಮಲೆಗಳಲ್ಲಿ ಮದುಮಗಳು’ ಓದಿದವರಿಗೆ ಗುತ್ತಿಯ ಹುಲಿಯ ನೆನಪಿಲ್ಲದೆ ಇರುವುದು ಸಾಧ್ಯವಿಲ್ಲ. ತೇಜಸ್ವಿಯವರ ‘ಪರಿಸರದ ಕತೆ’ಯ ಕಿವಿಯೂ ಹಾಗೆಯೇ. ಅವು ನಮ್ಮಲ್ಲಿ ಉಳಿದದ್ದು ಬಣ್ಣದಿಂದಲ್ಲ, ತಳಿಯಿಂದಲ್ಲ. ಒಂದು ಗುತ್ತಿಯ ಜೊತೆ ಕಾಡುಹಾದಿ ನಡೆಯಿತು, ಇನ್ನೊಂದು ತೇಜಸ್ವಿಯವರ ಜೊತೆ ಕಾಡು ಸುತ್ತಿತು. ಆ ಪುಟಗಳಲ್ಲಿ ನಾಯಿಗೆ ದಿನವಿಡೀ ಏನೋ ಕೆಲಸವಿದೆ. ಕನ್ನಡದ ಎರಡು ಅತ್ಯುತ್ತಮ ನಾಯಿಗಳನ್ನು ಓದಿ ಬೆಳೆದವರು ಇನ್‌ಸ್ಟಾಗ್ರಾಂನ ನೀಲಿ ಕಣ್ಣಿಗೆ ಸೋಲುವುದೇಕೆ ಎಂಬುದು ನನಗೆ ಬಿಡಿಸಲಾಗದ ಒಗಟು.

ನನ್ನ ಮೇಲೆ ಎರಡು ಆಕ್ಷೇಪಗಳು ಬರುತ್ತವೆ. ನಾಯಿಗಳು ಎಲ್ಲಿಗಾದರೂ ಹೊಂದಿಕೊಳ್ಳುತ್ತವೆ, ನೋಡಿ ನಮ್ಮ ಹಸ್ಕಿ ಎಷ್ಟು ಶಾಂತವಾಗಿದೆ ಎಂಬುದು ಮೊದಲನೆಯದು. ಹೌದು, ಕೆಲವು ಶಾಂತವಾಗುತ್ತವೆ. ಮಧ್ಯಾಹ್ನವೆಲ್ಲ ಟೈಲ್ಸ್ ಮೇಲೆ ಬಿದ್ದುಕೊಂಡು, ಮೈ ಬೆಳೆದು, ಗೋಡೆ ನೋಡುತ್ತವೆ. ಕಡಿಮೆ ತಿಂದು ಹೆಚ್ಚು ದುಡಿಯಲು ಆದ ಮೈಗೆ ದಿನಕ್ಕೆರಡು ಬಟ್ಟಲು ತಿನಿಸು, ಮೇಲೆ ಬಿಸ್ಕತ್ತು ಹಾಕಿದರೆ ಬರುವುದು ಶಾಂತಿಯಲ್ಲ, ಬೊಜ್ಜು. ಎರಡನೆಯದು ಸ್ವಲ್ಪ ಗಟ್ಟಿಯಾದದ್ದು: ಅಷ್ಟು ಪ್ರೀತಿಯಿಂದ ಸಾಕುವವರನ್ನು ಬಯ್ಯಲು ನೀವು ಯಾರು? ಆ ಪ್ರೀತಿಯನ್ನು ನಾನು ಸುಳ್ಳೆನ್ನುವುದಿಲ್ಲ. ಕಾಯಿಲೆ ಬಿದ್ದ ಹಸ್ಕಿಯ ಪಕ್ಕ ರಾತ್ರಿಯಿಡೀ ಕೂತವರನ್ನು ಬಲ್ಲೆ. ಆದರೆ ಟೋಗೋವನ್ನು ಮುದ್ದಿಗೆ ಕರೆದುಕೊಂಡು ಹೋದ ಮನೆಯವರದೂ ಪ್ರೀತಿಯೇ ಆಗಿತ್ತು.

ಹಾಗಾದರೆ ಈಗಾಗಲೇ ಮನೆಯಲ್ಲಿರುವ ಹಸ್ಕಿಯನ್ನು ಏನು ಮಾಡುವುದು? ಬೀದಿಗೆ ಬಿಡುವುದಂತೂ ಕೊಲೆ. ಅದು ಬೀದಿನಾಯಿಗಳ ಗಡಿಗಳನ್ನು ಅರಿಯದು, ಟ್ರಾಫಿಕ್ ಅರಿಯದು, ಮೂಗು ತೋರಿದ ಕಡೆ ಓಡುತ್ತದೆ. ಅದಕ್ಕೆ ಕೆಲಸ ಕೊಡಿ. ಬೆಳಿಗ್ಗೆ ಐದಕ್ಕೆ, ಡಾಂಬರು ತಣ್ಣಗಿರುವಾಗ, ಕುತ್ತಿಗೆಪಟ್ಟಿಯ ಬದಲು ಎದೆಗೆ ಬರುವ ಹಾರ್ನೆಸ್ ಕಟ್ಟಿ, ನಿಮ್ಮ ಸೊಂಟಕ್ಕೆ ಹಗ್ಗ ಸಿಗಿಸಿಕೊಂಡು ಓಡಿ. ನಡೆಯುವುದಲ್ಲ, ಓಡುವುದು. ಎಳೆಯಲು ಬಿಡಿ, ಎಳೆದದ್ದಕ್ಕೆ ಶಭಾಷ್ ಅನ್ನಿ. ಏಪ್ರಿಲ್, ಮೇ ತಿಂಗಳಲ್ಲಿ ಓಟ ಕಡಿಮೆ ಮಾಡಿ ಮೂಗಿಗೆ ಕೆಲಸ ಕೊಡಿ: ಮನೆಯಲ್ಲೇ ತಿನಿಸು ಬಚ್ಚಿಟ್ಟು ಹುಡುಕಿಸಿ. ಒಂಟಿಯಾಗಿ ಬಿಡಬೇಡಿ. ಸಾಧ್ಯವಿದ್ದರೆ ಜೊತೆಗೊಂದು ಬೀದಿಯ ಮರಿಯನ್ನು ತನ್ನಿ. ಕೂದಲನ್ನು ಬೋಳಿಸಲೇಬೇಡಿ. ಸೆಖೆಯೆಂದು ಬೋಳಿಸುವವರು ಬಿಸಿಲಿಗೂ ಇದ್ದ ತಡೆಯನ್ನೇ ಕಿತ್ತೊಗೆಯುತ್ತಾರೆ. ಆಮೇಲೆ ಕೂದಲು ಮೊದಲಿನಂತೆ ಬೆಳೆಯದೆಯೂ ಹೋಗಬಹುದು. ವರ್ಷಕ್ಕೆರಡು ಸಲ ಒಳಪದರ ಉದುರುವಾಗ ದಿನವೂ ಬಾಚಿ, ಸತ್ತ ಕೂದಲು ಹೋದರೆ ಗಾಳಿಯಾಡುತ್ತದೆ. ಮೂತಿಯ ಸುತ್ತ, ಕಣ್ಣಿನ ಸುತ್ತ ಹೊಪ್ಪಳೆ ಕಂಡರೆ ಅಂಗಡಿಯ ಮುಲಾಮು ಹಚ್ಚುವ ಬದಲು ಪಶುವೈದ್ಯರಿಗೆ ತೋರಿಸಿ, ಈ ತಳಿಗೆ ಜಿಂಕ್ ಹೀರಿಕೊಳ್ಳುವ ತೊಂದರೆ ಇರುತ್ತದೆ. ಏಸಿ ಹಾಕಿಸಿದ್ದರೆ ಇರಲಿ, ನನ್ನದೇನೂ ಅಡ್ಡಿಯಿಲ್ಲ. ಅದು ಈ ಪಟ್ಟಿಯಲ್ಲಿ ಕೊನೆಯದು, ಅಷ್ಟೇ.

ಮತ್ತೆ ಮರಿ ಕೊಳ್ಳುವುದು ಮಾತ್ರ ಬೇಡ. ಹಸ್ಕಿಯೇ ಬೇಕೆಂಬ ಹಟವಿದ್ದರೆ, ಕೊಂಡು ಸಾಕಲಾರದೆ ಕೈಬಿಟ್ಟವರ ದೊಡ್ಡ ನಾಯಿಗಳು ಆಶ್ರಯಧಾಮಗಳಲ್ಲಿ ಕಾಯುತ್ತಿವೆ. ಅವಕ್ಕೆ ಹೊಳೆಯುವ ಮರಿಮುಖ ಇರುವುದಿಲ್ಲ, ಆದರೆ ಅವು ಎಷ್ಟು ಎಳೆಯುತ್ತವೆ, ಎಷ್ಟು ಊಳಿಡುತ್ತವೆ ಎಂಬುದು ಮೊದಲ ದಿನವೇ ಗೊತ್ತಾಗುತ್ತದೆ. ಇದನ್ನು ಓದುತ್ತಿರುವ ವಿದ್ಯಾರ್ಥಿಗಳಿಗೆ ಒಂದು ಲೆಕ್ಕ. ಹಸ್ಕಿ ಹನ್ನೆರಡರಿಂದ ಹದಿನಾಲ್ಕು ವರ್ಷ ಬದುಕುತ್ತದೆ. ಡಿಗ್ರಿಯ ಕೊನೆಯ ವರ್ಷದಲ್ಲಿ ತಂದ ಮರಿ ನಿಮ್ಮ ಮೊದಲ ಕೆಲಸ, ಎರಡನೆಯ ಊರು, ಮದುವೆ, ಬಾಡಿಗೆ ಮನೆಯ ಮಾಲೀಕರ ತಕರಾರು ಎಲ್ಲವನ್ನೂ ದಾಟಿ ಇರುತ್ತದೆ. ನೀವು ಪುಣೆಗೆ ಹೋದ ಮೇಲೆ ದಾವಣಗೆರೆಯ ಮನೆಯಲ್ಲಿ, ಮಂಡಿನೋವಿನ ಅಮ್ಮನ ಕೈಯಲ್ಲಿ ಅದರ ಹಗ್ಗ ಇರುತ್ತದೆ. ಬೆಳಿಗ್ಗೆ ಐದಕ್ಕೆ ಅದರ ಜೊತೆ ಯಾರು ಓಡುತ್ತಾರೆಂದು ಅಮ್ಮನನ್ನೇ ಕೇಳಿ, ಆಮೇಲೆ ಮಾರುವವನಿಗೆ ಫೋನ್ ಮಾಡಿ.